ಕಾವೇರಿಯ ಮುಖಜ ಭೂಮಿ ನೋಡಲು ಎರಡು ದಿನ: ಕೊಡಗಿನಿಂದ 14 ಜನ, ಹೇಗೆ ಹೋಗುವುದು?

ಚೆಟ್ಟಳ್ಳಿ_ತೋಟ ಕೇಳಿದ ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ನಮ್ಮ ಸಂಘದ 14 ಜನ ತಂಜಾವೂರು ಸೀಮೆಯಲ್ಲಿ ಕಾವೇರಿ ಕವಲೊಡೆದು ಸಮುದ್ರ ಸೇರುವ ಜಾಗ ನೋಡಿಬರಬೇಕೆಂದು ನಿಶ್ಚಯಿಸಿದ್ದೇವೆ. ಮೂವರಿಗೆ 65 ದಾಟಿದೆ, ಇಬ್ಬರು ಹೈಸ್ಕೂಲ್ ಮಕ್ಕಳು. ಹೋಗಿಬರುವ ರಾತ್ರಿಗಳನ್ನು ಬಿಟ್ಟು ಅಲ್ಲಿ ಪೂರ್ತಿ ಎರಡು ದಿನ ಸಿಗುತ್ತದೆ. ದೇವಸ್ಥಾನಗಳ ಪ್ಯಾಕೇಜ್ ಟೂರ್ ಬೇಕಾದಷ್ಟಿವೆ. ನಮಗೆ ಬೇಕಿರುವುದು ನೀರು, ಗದ್ದೆ, ಕಾಲುವೆ, ತೂಬು. ಅದನ್ನು ತೋರಿಸಿ ವಿವರಿಸುವ ಒಬ್ಬ ಮಾರ್ಗದರ್ಶಿ.

ಯಾವ ತಿಂಗಳು ಹೋಗಬೇಕು? ಎಲ್ಲಿಂದ ಶುರು ಮಾಡಿ ಎಲ್ಲಿ ಮುಗಿಸಬೇಕು? ದೋಣಿ ಸಿಗುತ್ತದೆಯೇ? ಜನವರಿ ಒಳ್ಳೆಯದೆಂದು ಕೆಲವರು ಹೇಳುತ್ತಾರೆ, ಆದರೆ ಆಗ ನಮ್ಮಲ್ಲಿ ರೊಬಸ್ಟಾ ಕೊಯ್ಲು. ತಿಳಿದವರು ದಯವಿಟ್ಟು ಬಿಡಿಸಿ ಹೇಳಿ.

ತೂಬು_ಮದಗು

ಅಕ್ಕ, ಮೊದಲು ತಿಂಗಳ ವಿಷಯ ಇತ್ಯರ್ಥ ಮಾಡಿಕೊಳ್ಳಿ. ಉಳಿದದ್ದೆಲ್ಲ ಅದರ ಮೇಲೆ ನಿಂತಿದೆ. ಅಲ್ಲಿ ದಿನ ಗೊತ್ತುಮಾಡಬೇಕಾದದ್ದು ಮೆಟ್ಟೂರು ಅಣೆಕಟ್ಟೆಯ ನೀರು ನೋಡಿ, ಶಾಲೆಯ ರಜೆ ನೋಡಿ ಅಲ್ಲ. ನೀರಿಲ್ಲದ ತಿಂಗಳಲ್ಲಿ ಹೋದರೆ ಒಣಗಿದ ಮರಳು, ಬಿರುಕು ಬಿಟ್ಟ ಗದ್ದೆ, ಹೂಳೆತ್ತುವ ಯಂತ್ರ ಇಷ್ಟೇ ಕಾಣುವುದು. ಏಪ್ರಿಲ್, ಮೇ ತಿಂಗಳ ಚಿತ್ರ ಇದೇ.

ಮೆಟ್ಟೂರು ಅಣೆಕಟ್ಟೆಯಿಂದ ಮುಖಜ ಭೂಮಿಗೆ ನೀರು ಬಿಡುವ ವಾಡಿಕೆಯ ದಿನ ಜೂನ್ 12, ನಿಲ್ಲಿಸುವ ದಿನ ಜನವರಿ 28. ಆದರೆ ವಾಡಿಕೆ ಪ್ರತಿವರ್ಷ ನಡೆಯುವುದಿಲ್ಲ. 2022ರಲ್ಲಿ ಮೇ 24ಕ್ಕೇ ಬಿಟ್ಟರು, 2024ರಲ್ಲಿ ಜುಲೈ 28ರವರೆಗೆ ಕಾಯಬೇಕಾಯಿತು. ಜಲಾಶಯದ ಪೂರ್ಣ ಮಟ್ಟ 120 ಅಡಿ, ಸಂಗ್ರಹ 93.47 ಟಿಎಂಸಿ. ದಿನದ ಮಟ್ಟ ತಮಿಳು ಪತ್ರಿಕೆಗಳಲ್ಲಿ ಬರುತ್ತದೆ. 90 ಅಡಿಗಿಂತ ಮೇಲಿದ್ದು ಒಳಹರಿವೂ ಇದ್ದರೆ ಧೈರ್ಯವಾಗಿ ಟಿಕೆಟ್ ಮಾಡಿಸಿ.

ಮೆಟ್ಟೂರಿನಲ್ಲಿ ಬಾಗಿಲು ತೆರೆದ ದಿನವೇ ಗದ್ದೆಗೆ ನೀರು ಬಂದುಬಿಡುವುದಿಲ್ಲ. ತಿರುಚ್ಚಿ ಬಳಿಯ ಕಲ್ಲಣೈ ಒಡ್ಡು ಮುಟ್ಟಲು ಮೂರು ನಾಲ್ಕು ದಿನ. ಅಲ್ಲಿಂದ ಕಡೆಯ ತೂಬಿಗೆ, ಅವರ ಮಾತಿನಲ್ಲಿ 'ಕಡೈಮಡೈ'ಗೆ, ತಲುಪಲು ಇನ್ನೂ ವಾರ, ಹತ್ತು ದಿನ. ಹಾಗಾಗಿ ಬಾಗಿಲು ತೆರೆದ ಸುದ್ದಿ ಬಂದ ಮೇಲೆ ಕನಿಷ್ಠ 20 ದಿನ ಬಿಟ್ಟು ಹೋಗಿ.

ನಿಮ್ಮ ತೋಟದ ಕೆಲಸವನ್ನೂ ಸೇರಿಸಿ ಲೆಕ್ಕ ಹಾಕಿದರೆ ಕೈಲ್ ಮುಹೂರ್ತ ಹಬ್ಬ ಮುಗಿದ ಮೇಲೆ, ಸೆಪ್ಟೆಂಬರ್ ಎರಡನೇ ವಾರದಿಂದ ಅಕ್ಟೋಬರ್ ಮೊದಲ ವಾರದೊಳಗೆ ಹೋಗಿಬರುವುದೇ ಸರಿ. ಆಗ ಅಲ್ಲಿ ಕುರುವೈ ಬೆಳೆಯ ಕೊಯ್ಲು, ಪಕ್ಕದಲ್ಲೇ ಸಾಂಬಾ ಬೆಳೆಯ ನಾಟಿ. ಒಂದು ಗದ್ದೆಯಲ್ಲಿ ಕಟಾವು ಯಂತ್ರ, ಬದು ದಾಟಿದರೆ ಅಗೆಮಡಿ. ಕುರುವೈ ಸುಮಾರು 105ರಿಂದ 120 ದಿನದ ತಳಿ, ಜೂನ್–ಜುಲೈನಲ್ಲಿ ಶುರು. ಸಾಂಬಾ ದೀರ್ಘಾವಧಿಯ ಬೆಳೆ, ಜನವರಿಗೆ ಕೊಯ್ಲು. ಕುರುವೈ ಕೊಯ್ದ ಗದ್ದೆಯಲ್ಲೇ ಎರಡನೆಯದಾಗಿ ಹಾಕುವುದಕ್ಕೆ 'ತಾಳಡಿ' ಎನ್ನುತ್ತಾರೆ. ವರ್ಷಕ್ಕೊಂದೇ ನಾಟಿ ಮಾಡಿ ಪುತ್ತರಿಗೆ ಕದಿರು ತೆಗೆಯುವ ನಮ್ಮ ಕಡೆಯವರಿಗೆ ಈ ಮೂರು ಹೆಸರು ಬಿಡಿಸಿ ಹೇಳಿದರೆ ಅರ್ಧ ಪ್ರವಾಸ ಅರ್ಥವಾದ ಹಾಗೆ.

ಅಕ್ಟೋಬರ್ ನಡುವಿನಿಂದ ಡಿಸೆಂಬರ್‌ವರೆಗೆ ಈಶಾನ್ಯ ಮಾರುತ. ನಮ್ಮಲ್ಲಿ ಮಳೆ ಬಿಡುವ ಹೊತ್ತಿಗೆ ಅಲ್ಲಿ ಹಿಡಿಯುತ್ತದೆ. ನವೆಂಬರಿನಲ್ಲಿ ವಾಯುಭಾರ ಕುಸಿತವಾದರೆ ಏರಿ ರಸ್ತೆಗಳೇ ಮುಳುಗುವುದುಂಟು, ಆ ತಿಂಗಳು ಬೇಡ.

ಕುಡಿಗೆ_ಸಂಗಮ

ಮೇಲಿನ ಮಾತಿಗೆ ನನ್ನದೂ ಒಪ್ಪಿಗೆ. ನಾನು ದಾರಿ ಹೇಳುತ್ತೇನೆ.

ನಮ್ಮಲ್ಲಿ ಹೊಳೆಗಳು ಬಂದು ಕೂಡಿಕೊಳ್ಳುತ್ತವೆ. ಭಾಗಮಂಡಲದಲ್ಲಿ ಕನ್ನಿಕೆ, ಸುಜ್ಯೋತಿ, ಕುಡಿಗೆಯಲ್ಲಿ ಹಾರಂಗಿ. ಅಲ್ಲಿ ಇದರ ತಿರುಗುಮುರುಗು: ನದಿ ಒಡೆಯುತ್ತ ಹೋಗುತ್ತದೆ. ಅದು ಕಣ್ಣಿಗೆ ಕಾಣಬೇಕೆಂದರೆ ತಲೆಯಿಂದ ಕಡೆಯವರೆಗೆ ಒಂದೇ ಕವಲನ್ನು ಹಿಡಿದು ಹೋಗಬೇಕು. ಎರಡು ದಿನದಲ್ಲಿ ನಾಗಪಟ್ಟಣ, ವೇಲಾಂಕಣ್ಣಿ, ಮುತ್ತುಪೇಟೆ, ಕೋಡಿಯಕ್ಕರೈ ಎಲ್ಲ ತುರುಕಿದರೆ ಬರೀ ವ್ಯಾನಿನ ಕಿಟಕಿ ನೋಡಿ ಬರುತ್ತೀರಿ. ವೆಣ್ಣಾರು, ಪುದು ಆರು ಎಂಬ ಬೇರೆ ಕವಲುಗಳನ್ನು ಬಿಡಿ, ಕಾವೇರಿ ಎಂಬ ಹೆಸರು ಉಳಿಸಿಕೊಂಡ ಕವಲನ್ನು ಮಾತ್ರ ಹಿಡಿಯಿರಿ.

ಮೊದಲ ದಿನ ತಿರುಚ್ಚಿಯಿಂದ. ಬೆಳಿಗ್ಗೆ 6:30ಕ್ಕೆ ಹೊರಟು ಪಶ್ಚಿಮಕ್ಕೆ ಸುಮಾರು 18 ಕಿ.ಮೀ. ದೂರದ ಮುಕ್ಕೊಂಬಿಗೆ ಹೋಗಿ. ಅನೇಕ ಮಾರ್ಗದರ್ಶಿಗಳು "ಅದು ಬರೀ ಪಾರ್ಕು, ಬಿಡಿ" ಎನ್ನುತ್ತಾರೆ. ಬಿಡಬೇಡಿ. ನದಿ ಎರಡಾಗುವುದು ಅಲ್ಲಿ: ಉತ್ತರಕ್ಕೆ ಕೊಳ್ಳಿಡಂ, ದಕ್ಷಿಣಕ್ಕೆ ಕಾವೇರಿ, ನಡುವೆ ಶ್ರೀರಂಗ ದ್ವೀಪ. ಕೊಳ್ಳಿಡಂನ ಪಾತ್ರ ತಗ್ಗು, ಇಳಿಜಾರು ಹೆಚ್ಚು. ಸುಮ್ಮನೆ ಬಿಟ್ಟರೆ ನೀರೆಲ್ಲ ಆ ಕಡೆಗೇ ಓಡಿ, ಕಾವೇರಿಯಲ್ಲಿ ಹೂಳು ತುಂಬಿಕೊಳ್ಳುತ್ತದೆ. 19ನೇ ಶತಮಾನದ ಆರಂಭದಲ್ಲಿ ಹಾಗೇ ಆಗುತ್ತಿತ್ತು, ತಂಜಾವೂರಿಗೆ ನೀರು ಕಡಿಮೆಯಾಗುತ್ತ ಬಂದಿತ್ತು. 1836ರಿಂದ 1838ರ ನಡುವೆ ಬ್ರಿಟಿಷ್ ಎಂಜಿನಿಯರ್ ಆರ್ಥರ್ ಕಾಟನ್ ಮುಕ್ಕೊಂಬಿನಲ್ಲಿ ಕೊಳ್ಳಿಡಂಗೆ ಅಡ್ಡಲಾಗಿ ಒಡ್ಡು ಕಟ್ಟಿಸಿದ್ದು ಅದಕ್ಕೇ. 2018ರ ಆಗಸ್ಟ್‌ನಲ್ಲಿ, ನಮ್ಮ ಜೋಡುಪಾಲ, ಮಕ್ಕಂದೂರಿನ ಕಡೆ ಗುಡ್ಡ ಕುಸಿದ ಅದೇ ತಿಂಗಳಲ್ಲಿ, ಆ ಹಳೆಯ ಒಡ್ಡಿನ 9 ಗೇಟುಗಳು ಕೊಚ್ಚಿಹೋದವು. ಆಮೇಲೆ ಪಕ್ಕದಲ್ಲಿ ಹೊಸದು ಕಟ್ಟಿದರು. ಮಕ್ಕಳಿಗೆ ಎರಡನ್ನೂ ತೋರಿಸಿ. ಮುಕ್ಕಾಲು ಗಂಟೆ ಸಾಕು.

ಅಲ್ಲಿಂದ ಕಲ್ಲಣೈ. ಕರಿಕಾಲ ಚೋಳನ ಹೆಸರಿನಲ್ಲಿ ನಿಂತಿರುವ ಒಡ್ಡು, ಸುಮಾರು 329 ಮೀ. ಉದ್ದ, 20 ಮೀ. ಅಗಲ. ಶ್ರೀರಂಗ ದ್ವೀಪ ಮುಗಿಯುವ ಕಡೆ ಎರಡೂ ನದಿಗಳು ಮತ್ತೆ ಹತ್ತಿರ ಬರುತ್ತವೆ, ಕಾವೇರಿಯ ನೀರು ತಗ್ಗಿನ ಕೊಳ್ಳಿಡಂಗೆ ಸೋರಿಹೋಗುವ ಜಾಗ ಅದೇ. ಅದನ್ನು ತಡೆದು ನೀರನ್ನು ಗದ್ದೆಯ ಕಡೆ ತಿರುಗಿಸುವುದಕ್ಕೆ ಈ ಕಲ್ಲಿನ ಕಟ್ಟು. ಈಗ ಇಲ್ಲಿ ನಾಲ್ಕು ಸಾಲು ಬಾಗಿಲುಗಳಿವೆ: ಕಾವೇರಿ, ವೆಣ್ಣಾರು, ಕೊಳ್ಳಿಡಂ, ಮತ್ತು 1934ರಲ್ಲಿ ಮೆಟ್ಟೂರಿನ ಜೊತೆಗೆ ಬಂದ ಕಲ್ಲಣೈ ಕಾಲುವೆ. ಜನ ಇದನ್ನೇ 'ಪುದು ಆರು', ಅಂದರೆ ಹೊಸ ಹೊಳೆ, ಎನ್ನುತ್ತಾರೆ. ಯಾವ ಸಾಲಿನಲ್ಲಿ ಎಷ್ಟು ಬಾಗಿಲು ಎತ್ತಿದ್ದಾರೆ ಎಂದು ಎಣಿಸಿ ಬರೆದುಕೊಳ್ಳಿ, ಮುಂದೆ ಪ್ರತಿ ಸೇತುವೆಯ ಮೇಲೆ ಅದು ಅರ್ಥವಾಗುತ್ತದೆ. ಇಲ್ಲಿಗೆ ಒಂದೂವರೆ ಗಂಟೆ ಇಡಿ. ಬಾಗಿಲೆತ್ತುವ ಯಂತ್ರಗಳಿರುವ ಮೇಲ್ಸೇತುವೆಗೆ ಅನುಮತಿ ಇಲ್ಲದೆ ಹತ್ತಬಾರದು, ಡ್ರೋನ್ ಅಂತೂ ಬೇಡವೇ ಬೇಡ.

ಮಧ್ಯಾಹ್ನದೊಳಗೆ ದಡದ ರಸ್ತೆಯಲ್ಲೇ ತಿರುವೈಯಾರು. ಹೆಸರಿನಲ್ಲೇ ಐದು ಹೊಳೆ ಇದೆ: ಕಾವೇರಿ, ಕುಡಮುರುಟ್ಟಿ, ವೆಣ್ಣಾರು, ವೆಟ್ಟಾರು, ವಡವಾರು. ತ್ಯಾಗರಾಜರ ಸಮಾಧಿಯ ಹಿಂದಿನ ಮೆಟ್ಟಿಲ ಮೇಲೆ ಕಾವೇರಿ ನೋಡಿ, ದಕ್ಷಿಣಕ್ಕೆ ತಂಜಾವೂರು ರಸ್ತೆ ಹಿಡಿಯಿರಿ. ಒಂದರ ಹಿಂದೆ ಒಂದು ಸೇತುವೆ ಬರುತ್ತದೆ, ಪ್ರತಿಯೊಂದರ ಕೆಳಗೂ ಒಂದೊಂದು ಕವಲು. ಸುಮಾರು 11 ಕಿ.ಮೀ. ಅಷ್ಟೇ. ಮುಖಜ ಭೂಮಿ ಎಂದರೇನು ಎಂದು ಇದಕ್ಕಿಂತ ಚೆನ್ನಾಗಿ ತೋರಿಸುವ ರಸ್ತೆ ಇಲ್ಲ. ಮಾರ್ಗದರ್ಶಿ ಬಾಯಿ ಬಿಡದಿದ್ದರೂ ಪರವಾಗಿಲ್ಲ, ಗಾಡಿ ನಿಧಾನ ಹೋಗಲಿ.

ಸಂಜೆ ಸ್ವಾಮಿಮಲೈಯಲ್ಲಿ ಒಂದು ಕಂಚಿನ ಎರಕದ ಮನೆ ನೋಡಿ. ಮೇಣದ ಗೊಂಬೆಗೆ ಮೊದಲು ಮೆತ್ತುವುದು ಕಾವೇರಿಯ ನಯವಾದ ಮೆಕ್ಕಲು ಮಣ್ಣು. ಕಣ ಅಷ್ಟು ಸಣ್ಣದಾಗಿರುವುದರಿಂದಲೇ ಒಡವೆಯ ಗೆರೆಗಳೂ ಅಚ್ಚಿನಲ್ಲಿ ಮೂಡುತ್ತವೆ. ನದಿಯ ಪ್ರವಾಸಕ್ಕೆ ಇದು ಹೊರಗಿನ ವಿಷಯವಲ್ಲ. ರಾತ್ರಿ ಕುಂಭಕೋಣ. ಊರಿನ ಉತ್ತರಕ್ಕೆ ಕಾವೇರಿ, ದಕ್ಷಿಣಕ್ಕೆ ಅರಸಲಾರು.

ಎರಡನೇ ದಿನ ಮಯಿಲಾಡುದುರೈ. ತುಲಾ ಕಟ್ಟ ಎಂಬ ಸ್ನಾನಘಟ್ಟ ಇಲ್ಲಿದೆ. ತಲಕಾವೇರಿಯಲ್ಲಿ ತೀರ್ಥೋದ್ಭವವಾಗುವ ತುಲಾ ಮಾಸ ಪೂರ್ತಿ ಇಲ್ಲಿ ಸ್ನಾನ ನಡೆಯುತ್ತದೆ, ಕಡೆಯ ದಿನಕ್ಕೆ 'ಕಡೈಮುಗಂ' ಎಂದು ಹೆಸರು. ನಂತರ ಮೇಲೈಯೂರಿನ ಕಡೆಯ ಬಾಗಿಲು, ಅಲ್ಲಿಂದ ಪೂಂಪುಹಾರ್, ಸಮುದ್ರ.

ಒಂದು ಮಾತು ನಿಮ್ಮವರಿಗೆ ಮೊದಲೇ ಹೇಳಿಡಿ. ಪೂಂಪುಹಾರಿನಲ್ಲಿ ಕಾವೇರಿ ಒಂದು ಸಣ್ಣ ಕಾಲುವೆಯಷ್ಟೇ ಅಗಲ. ದುಬಾರೆಯಲ್ಲಿ ನೋಡಿದ ಹೊಳೆ ಮನಸ್ಸಿನಲ್ಲಿಟ್ಟುಕೊಂಡು ಹೋದವರಿಗೆ ಅಲ್ಲಿ ಮನಸ್ಸು ಕುಗ್ಗುತ್ತದೆ. ನದಿ ಬತ್ತಿದ್ದಲ್ಲ, ದಾರಿಯುದ್ದಕ್ಕೂ ಹಂಚಿಹೋಗಿದೆ. ದೊಡ್ಡ ನದಿಯಾಗಿ ಸಮುದ್ರ ಸೇರುವುದು ಪ್ರವಾಹ ಹೊರುವ ಕೊಳ್ಳಿಡಂ. ಹಿಂದಿನ ದಿನ ಕಲ್ಲಣೈಯಲ್ಲಿ ಬಾಗಿಲು ಎಣಿಸಿದವರಿಗೆ ಇದು ತಟ್ಟನೆ ಹೊಳೆಯುತ್ತದೆ.

ಗದ್ದೆ_ಬದು

ಗದ್ದೆಯಲ್ಲಿ ನಡೆಯುವುದರ ಬಗ್ಗೆ ಯಾರೂ ಬರೆದಿಲ್ಲ, ಹೆಚ್ಚಿನ ಎಡವಟ್ಟು ಆಗುವುದು ಅಲ್ಲೇ.

ಅಲ್ಲಿನ ಮಣ್ಣು ನಮ್ಮ ಕೆಂಪು ಮಣ್ಣಿನಂತಲ್ಲ. ಜಿಗುಟಾದ ಮೆಕ್ಕಲು. ಒದ್ದೆಯಾದಾಗ ಚಪ್ಪಲಿಯ ಅಡಿಗೆ ಮೆತ್ತಿಕೊಂಡು ಹೆಜ್ಜೆಹೆಜ್ಜೆಗೂ ದಪ್ಪವಾಗುತ್ತದೆ, ಐವತ್ತು ಹೆಜ್ಜೆಗೆ ಕಾಲು ಎತ್ತಲಾಗುವುದಿಲ್ಲ. ಹವಾಯಿ ಚಪ್ಪಲಿ ಅಲ್ಲೇ ಉಳಿಯುತ್ತದೆ, ಸ್ಪೋರ್ಟ್ಸ್ ಶೂ ಹಾಳಾಗುತ್ತದೆ. ಹಿಮ್ಮಡಿಗೆ ಪಟ್ಟಿ ಇರುವ ರಬ್ಬರ್ ಸ್ಯಾಂಡಲ್ ಒಳ್ಳೆಯದು. ಬರಿಗಾಲಿನಲ್ಲಿ ಇಳಿಯಬೇಡಿ. ಕೊಯ್ದ ಪೈರಿನ ಕೂಳೆ ಚುಚ್ಚುತ್ತದೆ, ಇಲಿ ಇರುವ ಕಡೆ ಕೊಳಕುಮಂಡಲವೂ ಇರುತ್ತದೆ. ನಮ್ಮ ತೋಟದ ಜಿಗಣೆಗೆ ಹಚ್ಚುವ ಹೊಗೆಸೊಪ್ಪು ಅಲ್ಲಿ ಬೇಕಾಗುವುದಿಲ್ಲ, ಕೈಯಲ್ಲೊಂದು ಕೋಲು ಬೇಕು.

ನಾಟಿಗೆ ಮುಂಚೆ ಬದುವಿಗೆ ಹೊಸದಾಗಿ ಕೆಸರು ಮೆತ್ತಿರುತ್ತಾರೆ. ಹೊಳೆಯುತ್ತಿದ್ದರೆ ಹಸಿ ಎಂದರ್ಥ. ಅದರ ಮೇಲೆ ಕಾಲಿಡಬೇಡಿ, ಒಂದು ಹೆಜ್ಜೆ ಕುಸಿದರೆ ಅಲ್ಲಿಂದ ರಾತ್ರಿಯೆಲ್ಲ ನೀರು ಸೋರುತ್ತದೆ. ಬಿಳಿಚಿಕೊಂಡು ಹುಲ್ಲು ಬೆಳೆದ ಹಳೆ ಬದುವಿನ ಮೇಲೆ ಒಬ್ಬರ ಹಿಂದೊಬ್ಬರು, ಎರಡು ಮಾರು ಅಂತರ ಬಿಟ್ಟು ನಡೆಯಿರಿ. 65 ದಾಟಿದವರನ್ನು ಬದುವಿಗೆ ಇಳಿಸುವುದು ಬೇಡ. ಕಾಲುವೆಯ ಏರಿ ಅಗಲವಾಗಿ ಗಟ್ಟಿಯಾಗಿರುತ್ತದೆ, ಅಲ್ಲಿಂದಲೇ ತೂಬು, ಗದ್ದೆ, ಬಾತುಕೋಳಿ ಹಿಂಡು ಎಲ್ಲ ಕಾಣುತ್ತದೆ. ಕೊಯ್ಲಾದ ಗದ್ದೆಗೆ ಬಾತು ಬಿಡುವುದು ಉದುರಿದ ಕಾಳು, ಹುಳು, ಬಸವನಹುಳು ತಿನ್ನಲಿ ಎಂದು. ಹಿಂಡಿನ ನಡುವೆ ಗಾಡಿ ನುಗ್ಗಿಸಬೇಡಿ, ಚೆದುರಿದರೆ ಕೂಡಿಸಲು ಅವರಿಗೆ ಅರ್ಧ ದಿನ ಬೇಕು.

ಮಾರ್ಗದರ್ಶಿ ಹುಡುಕುವಾಗ ದೇವಸ್ಥಾನದ ಗೈಡ್ ಬೇಡ. ಕಾಲುವೆ ಗೊತ್ತಿರುವ ರೈತ, ಇಲ್ಲವೇ ನೀರಾವರಿ ಇಲಾಖೆಯಲ್ಲಿ ಬಾಗಿಲು ಎತ್ತಿ ಇಳಿಸಿ ನಿವೃತ್ತರಾದವರು ಸಿಕ್ಕರೆ ಅದೃಷ್ಟ. ನಮ್ಮ ನೀರುಗಂಟಿಯ ಕೆಲಸ ಮಾಡುವವರನ್ನು ಅಲ್ಲಿ 'ಲಸ್ಕರ್' ಎನ್ನುತ್ತಾರೆ. ಕುಂಭಕೋಣದ ಸುತ್ತ ಹಳ್ಳಿಮನೆ ವಸತಿ ನಡೆಸುವವರನ್ನು ಕೇಳಿದರೆ ಇಂಥವರನ್ನು ಗೊತ್ತುಮಾಡಿಕೊಡುತ್ತಾರೆ. ಫೋನಿನಲ್ಲೇ ಮೂರು ಪ್ರಶ್ನೆ ಹಾಕಿ: ಈ ವಾರ ಕಲ್ಲಣೈಯಿಂದ ಯಾವ ಕವಲಿಗೆ ನೀರು ಬಿಟ್ಟಿದ್ದಾರೆ? ನಿಮ್ಮೂರ ವಾಯ್ಕಾಲ್ (ಕಾಲುವೆ) ಯಾವ ಹೊಳೆಯಿಂದ ಒಡೆಯುತ್ತದೆ? ಅಲ್ಲಿ ಈಗ ಕುರುವೈ ಕೊಯ್ಲು ಎಷ್ಟಾಗಿದೆ? ತಡವರಿಸದೆ ಉತ್ತರ ಕೊಟ್ಟವರನ್ನು ಹಿಡಿಯಿರಿ. ದಿನದ ಕೂಲಿ, ಅವರ ಊಟ, ಮನೆಗೆ ಬಿಡುವುದು, ಮೂರನ್ನೂ ಮೊದಲೇ ಮಾತಾಡಿ ಮುಗಿಸಿ. ಯಾರ ಗದ್ದೆಗೆ ಇಳಿಯುತ್ತೀರೋ ಅವರಿಗೂ ಏನಾದರೂ ಕೊಡಬೇಕು. ಕೊಡಗಿನಿಂದ ಹೋಗುವವರು ಕಾಫಿಪುಡಿ, ಒಂದು ಹಿಡಿ ಮೆಣಸು ಒಯ್ದರೆ ಹಣಕ್ಕಿಂತ ಚೆನ್ನ.

ಭಾಷೆಯ ಚಿಂತೆ ಬೇಡ. ತೂಬು, ಮದಗು ಎಂದರೆ ಅಲ್ಲಿಯವರಿಗೂ ಅರ್ಥವಾಗುತ್ತದೆ. 'ಏರಿ' ಎಂಬುದು ಮಾತ್ರ ನೆನಪಿರಲಿ: ನಮಗೆ ಅದು ದಂಡೆ, ಅವರಿಗೆ ಅದು ಕೆರೆ.

ಚೆಟ್ಟಳ್ಳಿ_ತೋಟ

ಎಲ್ಲರಿಗೂ ಧನ್ಯವಾದ, ಇಷ್ಟು ವಿವರ ನಿರೀಕ್ಷಿಸಿರಲಿಲ್ಲ. ಸೆಪ್ಟೆಂಬರ್ ಮೂರನೇ ವಾರ ಎಂದು ಗೊತ್ತುಮಾಡುತ್ತೇವೆ. ಮಕ್ಕಳು ಪಿಚ್ಚಾವರಂ ಕಾಂಡ್ಲಾ ಕಾಡಿನ ದೋಣಿ ಬೇಕೇ ಬೇಕು ಎನ್ನುತ್ತಿದ್ದಾರೆ. ಎರಡನೇ ದಿನಕ್ಕೇ ಸೇರಿಸಬಹುದೇ? ಗಾಡಿ ಇಲ್ಲಿಂದಲೇ ಒಯ್ಯುವುದೋ, ರೈಲೋ?

ಕೊಳ್ಳಿಡಂ_ಅಳಿವೆ

ಪಿಚ್ಚಾವರಂ ಸೇರಿಸಬಹುದು, ಆದರೆ ಅದೇ ದಿನ ಪೂಂಪುಹಾರ್ ಜೊತೆ ಬೇಡ. ಕಾಂಡ್ಲಾ ಕಾಡಿನ ಒಳಗೆ ಹೋಗಲು ಬೆಳಗಿನ ಹೊತ್ತೇ ಸರಿ. ಪೂಂಪುಹಾರ್ ಮುಗಿಸಿ ಸೀರ್ಕಾಳಿ ದಾಟಿ ಚಿದಂಬರದ ಮೂಲಕ ತಲುಪುವಷ್ಟರಲ್ಲಿ ನೆತ್ತಿ ಬಿಸಿಲು. ದೋಣಿಯಲ್ಲಿ ನೆರಳಿರುವುದಿಲ್ಲ, ನೀರಿನ ಮೇಲಿನ ಝಳ ಬೇರೆ. ಎರಡನೇ ರಾತ್ರಿ ಚಿದಂಬರದಲ್ಲಿ ಉಳಿದು ಮೂರನೇ ಬೆಳಿಗ್ಗೆ ಮೊದಲ ದೋಣಿ ಹಿಡಿಯಿರಿ. ಚಿದಂಬರದಿಂದ ಸುಮಾರು 15 ಕಿ.ಮೀ. ಅರ್ಧ ದಿನ ಹೆಚ್ಚು ಸಿಗದಿದ್ದರೆ ಪಿಚ್ಚಾವರಂ ಬಿಡಿ, ಪೂಂಪುಹಾರ್ ಉಳಿಸಿಕೊಳ್ಳಿ. ನದಿ ಹಿಡಿದು ಹೊರಟವರು ನದಿಯ ಕೊನೆಯನ್ನೇ ಬಿಟ್ಟು ಬರಬಾರದು.

ಹೋಗುವುದಾದರೆ ಹುಟ್ಟು ಹಾಕುವ ದೋಣಿ ಕೇಳಿ. ಮೋಟಾರ್ ದೋಣಿ ಅಗಲವಾದ ನೀರಿನಲ್ಲಿ ಸುತ್ತಿಸಿ ತರುತ್ತದೆ, ಬೇರುಗಳ ಕಮಾನಿನ ಕೆಳಗೆ ಹಾಯುವ ಕಿರುದಾರಿಗೆ ಹುಟ್ಟಿನ ದೋಣಿಯೇ ಬೇಕು. ಸಮುದ್ರದ ಇಳಿತ ಹೆಚ್ಚಿದ್ದರೆ ಆ ಕಿರುದಾರಿಗಳಲ್ಲಿ ದೋಣಿ ತಳ ತಾಗುತ್ತದೆ. ಅಂಬಿಗರಿಗೆ ಭರತ–ಇಳಿತದ ಹೊತ್ತು ಬಾಯಿಪಾಠ, ಹಿಂದಿನ ಸಂಜೆಯೇ ದೋಣಿಕಟ್ಟೆಗೆ ಕೇಳಿಕೊಳ್ಳಿ. ಟಿಕೆಟ್ ತಮಿಳುನಾಡು ಪ್ರವಾಸೋದ್ಯಮ ನಿಗಮದ ಕೌಂಟರಿನಲ್ಲೇ ಪಡೆಯಿರಿ. ಲೈಫ್ ಜಾಕೆಟ್ ಎಲ್ಲರಿಗೂ, ಬಕಲ್ ಹಾಕಿಕೊಂಡು. ಕುಶಾಲನಗರದ ಕಡೆ ರ‍್ಯಾಫ್ಟಿಂಗ್ ಮಾಡಿದ ಮಕ್ಕಳು 'ಇದು ನಿಂತ ನೀರು' ಎಂದು ಬಿಚ್ಚಿಡುತ್ತಾರೆ. ತಳ ಪೂರ್ತಿ ಕೆಸರು, ಕಾಲು ಹುಗಿದರೆ ನಿಂತು ಏಳಲಾಗುವುದಿಲ್ಲ.

ಅಲ್ಲಿ ನೋಡಬೇಕಾದದ್ದು ಎರಡು ಬಗೆಯ ಬೇರು. ನೀರಿನಂಚಿನ ಮರಗಳಿಗೆ ಕಾಂಡದಿಂದ ಇಳಿದ ಊರುಗೋಲಿನಂಥ ಬೇರು, ಒಳಗಿನ ಮರಗಳಿಗೆ ಕೆಸರಿನಿಂದ ಮೇಲೆದ್ದ ಪೆನ್ಸಿಲ್ ಮೊನೆಯಂಥ ಉಸಿರುಬೇರು. ವೆಳ್ಳಾರು ಮತ್ತು ಕೊಳ್ಳಿಡಂ ಅಳಿವೆಗಳ ನಡುವೆ ಈ ಕಾಡಿದೆ, 2022ರಲ್ಲಿ ಅಂತರರಾಷ್ಟ್ರೀಯ ಮಹತ್ವದ ಜೌಗು ಪ್ರದೇಶಗಳ ರಾಮ್ಸರ್ ಪಟ್ಟಿಗೆ ಸೇರಿತು.

ಮಡಿಕೇರಿ_ಸ್ಟ್ಯಾಂಡ್

ರೈಲೇ ಒಳ್ಳೆಯದು. ಮೈಸೂರಿನಿಂದ ಮಯಿಲಾಡುದುರೈ ಕಡೆಗೆ ರಾತ್ರಿ ರೈಲಿದೆ, ಈಗ ಕಡಲೂರು ಬಂದರಿನವರೆಗೂ ಹೋಗುತ್ತದೆ. ಬೆಂಗಳೂರು ದಾಟಿ ನಸುಕಿನಲ್ಲಿ ತಿರುಚ್ಚಿ, ಆಮೇಲೆ ತಂಜಾವೂರು, ಕುಂಭಕೋಣ. ಬರುವಾಗಲೂ ಅದೇ, ಸಂಜೆ ಹತ್ತಿದರೆ ಬೆಳಿಗ್ಗೆ ಮೈಸೂರು. ಮಡಿಕೇರಿಯಿಂದ ಮೈಸೂರಿಗೆ 120 ಕಿ.ಮೀ., ಹುಣಸೂರು ದಾಟುವುದೇ ತಡ. ರೈಲಿನ ಹೊತ್ತಿಗೆ ಐದು ಗಂಟೆ ಮುಂಚೆ ಮನೆ ಬಿಡಿ. ಮುಂಗಡ ಟಿಕೆಟ್ 60 ದಿನ ಮೊದಲು ತೆರೆಯುತ್ತದೆ. ಒಂದು ಟಿಕೆಟ್‌ಗೆ ಆರೇ ಜನ, ಹಾಗಾಗಿ 14 ಜನಕ್ಕೆ 5, 5, 4 ಎಂದು ಮೂರು ಮಾಡಿ.

ಗಾಡಿಯನ್ನು ತಿರುಚ್ಚಿಯಲ್ಲೇ ಬಾಡಿಗೆಗೆ ಹಿಡಿಯಿರಿ. 14 ಜನ, ಮಾರ್ಗದರ್ಶಿ, ಸಾಮಾನು ಎಂದರೆ 17 ಸೀಟಿನ ಟೆಂಪೋ ಟ್ರಾವೆಲರ್. 12 ಸೀಟಿನದಕ್ಕೆ ಒತ್ತಿ ಕೂರಬೇಡಿ, ಆ ಸೆಕೆಯಲ್ಲಿ ಆಗದು. ದೊಡ್ಡ ಬಸ್ಸು ಏರಿ ರಸ್ತೆಗಳಲ್ಲಿ ತಿರುಗುವುದಿಲ್ಲ. ಇಲ್ಲಿಂದಲೇ ಒಯ್ಯುವುದಾದರೆ ಹಳದಿ ಬೋರ್ಡ್, ತಮಿಳುನಾಡಿನ ಪರ್ಮಿಟ್ ಮತ್ತು ತೆರಿಗೆ ಎರಡೂ ಇರಲೇಬೇಕು. ಚಾಮರಾಜನಗರ–ಸತ್ಯಮಂಗಲ ದಾರಿಯ ದಿಂಬಂ ಘಾಟಿಯಲ್ಲಿ 27 ಹೇರ್‌ಪಿನ್ ತಿರುವು, ರಾತ್ರಿ ಸಂಚಾರಕ್ಕೆ ನಿರ್ಬಂಧವಿದೆ, ಸಂಜೆಯೊಳಗೆ ದಾಟಿಬಿಡಬೇಕು. ಕಾವೇರಿ ವಿವಾದ ಬಿಸಿಯೇರಿದ ವಾರಗಳಲ್ಲಿ ಎರಡೂ ಕಡೆಯ ಗಾಡಿಗಳಿಗೆ ತೊಂದರೆ. ಅದೂ ರೈಲಿಗೇ ಒಂದು ಕಾರಣ.

ನೀರು: ತಲೆಗೆ ದಿನಕ್ಕೆ 3 ಲೀಟರ್ ಎಂದರೆ 42 ಲೀಟರ್. 20 ಲೀಟರಿನ ಎರಡು ಕ್ಯಾನ್, ಜೊತೆಗೆ ಕೆಲವು ಬಾಟಲಿ ದಿನಾ ಬೆಳಿಗ್ಗೆ ಗಾಡಿಗೆ ಹಾಕಿಸಿ. ಕರಾವಳಿಗೆ ಹತ್ತಿರವಾದಂತೆ ಬಾವಿನೀರು ಉಪ್ಪುಪ್ಪು. ಮಡಿಕೇರಿ 1,100 ಮೀಟರಿಗೂ ಮೇಲೆ, ತಂಜಾವೂರು 60 ಮೀಟರಿಗಿಂತ ಕೆಳಗೆ. ಸೆಪ್ಟೆಂಬರಿನಲ್ಲೂ 34–35 ಡಿಗ್ರಿ, ಬೆವರು ಆರುವುದಿಲ್ಲ. ಹೊರಗಿನ ಓಡಾಟ 11ರೊಳಗೆ, ಮತ್ತೆ 3:30ರ ಮೇಲೆ. ಹಿರಿಯರ ಬಿ.ಪಿ. ಮಾತ್ರೆ, ಓಆರ್‌ಎಸ್ ಪೊಟ್ಟಣ ಕೈಚೀಲದಲ್ಲೇ ಇರಲಿ.

ತೂಬು_ಮದಗು

ಒಂದು ಎಚ್ಚರಿಕೆ ಬಿಟ್ಟುಹೋಗಿತ್ತು. ಕಲ್ಲಣೈ, ಮುಕ್ಕೊಂಬು ಎರಡರಲ್ಲೂ ಬಾಗಿಲುಗಳ ಕೆಳಗಿನ ನೀರಿಗೆ ಇಳಿಯಬಾರದು. ಬಾಗಿಲಿನಿಂದ ಧುಮುಕುವ ನೀರು ಅಡಿಯ ಮರಳು ಕೊರೆದು ಹೊಂಡ ಮಾಡಿರುತ್ತದೆ. ಮೊಣಕಾಲುದ್ದ ಎಂದುಕೊಂಡ ಕಡೆ ಮುಂದಿನ ಹೆಜ್ಜೆಗೆ ಆಳುದ್ದ, ಮೇಲೆ ಸುಳಿ. ಮೇಲಿನಿಂದ ಇನ್ನೊಂದು ಬಾಗಿಲು ಎತ್ತಿದ್ದು ಕೆಳಗೆ ನಿಂತವರಿಗೆ ತಿಳಿಯುವುದೂ ಇಲ್ಲ. ಸ್ನಾನ ಮಾಡಲೇಬೇಕೆನ್ನುವವರು ಮಯಿಲಾಡುದುರೈಯ ಮೆಟ್ಟಿಲಿರುವ ಘಟ್ಟದಲ್ಲಿ ಮಾಡಲಿ, ಪೂಂಪುಹಾರ್ ಸಮುದ್ರದಲ್ಲಿ ಬೇಡ.

ಇನ್ನೊಂದು. ಮೆಟ್ಟೂರಿನಲ್ಲಿ ನೀರು ಕಡಿಮೆ ಇರುವ ವರ್ಷ ಸರದಿ ಪದ್ಧತಿ ಮಾಡುತ್ತಾರೆ: ಕೆಲವು ದಿನ ಕಾವೇರಿಗೆ, ಕೆಲವು ದಿನ ವೆಣ್ಣಾರಿಗೆ. ನೀವು ಹೋದ ದಿನ ಕಾವೇರಿಯ ಸರದಿ ಇಲ್ಲದಿದ್ದರೆ ತಿರುವೈಯಾರಿನಲ್ಲಿ ಮರಳು ಕಾಣುತ್ತದೆ. ಹೊರಡುವ ಎರಡು ದಿನ ಮುಂಚೆ ಮಾರ್ಗದರ್ಶಿಗೆ ಇದೊಂದನ್ನು ಕೇಳಿ. ಸರದಿ ವೆಣ್ಣಾರಿನದಾದರೆ ದಿನ ಬದಲಿಸುವುದು ಬೇಡ. ಮೊದಲ ಮಧ್ಯಾಹ್ನ ತಂಜಾವೂರಿನಿಂದ ಮನ್ನಾರ್‌ಗುಡಿ ರಸ್ತೆಯ ವಡುವೂರು ಕಡೆಗೆ ಇಳಿಯಿರಿ. ಆ ಬದಿಯ ಕಾಲುವೆಗಳಲ್ಲಿ ಹರಿವು ಇರುತ್ತದೆ, ವಡುವೂರು ಕೆರೆಯೂ ಸಿಗುತ್ತದೆ. ರಾತ್ರಿಗೆ ಕುಂಭಕೋಣ ಸೇರಿಕೊಂಡು ಮರುದಿನದ ದಾರಿಯನ್ನು ಹಾಗೇ ಇಟ್ಟುಕೊಳ್ಳಿ.